ಹಿಸ್ಟ್ರಿಕೊಮಾರ್ಫ್: ಕಣ್ಣಗುಳಿಯ ಮುಂದಿನ ತೂತು ಏನು ಹೇಳುತ್ತದೆ, ಏನು ಹೇಳುವುದಿಲ್ಲ

ದಂಶಕಗಳ, ಅಂದರೆ ಇಲಿ, ಅಳಿಲು, ಮುಳ್ಳುಹಂದಿಯಂಥ ಕೊರೆಯುವ ಪ್ರಾಣಿಗಳ ಬಗ್ಗೆ ಓದುವವರಿಗೆ ‘ಹಿಸ್ಟ್ರಿಕೊಮಾರ್ಫ್’ ಎಂಬ ಮಾತು ಮೂರು ಕಡೆ ಸಿಗುತ್ತದೆ: ತಲೆಬುರುಡೆಯ ವಿವರಣೆಯಲ್ಲಿ, ಪ್ರಾಣಿಗಳ ವರ್ಗೀಕರಣದಲ್ಲಿ, ಗಿನಿಪಿಗ್‌ಗೆ ಚಿಕಿತ್ಸೆ ಮಾಡುವವರ ಕೈಪಿಡಿಗಳಲ್ಲಿ. ಮೂರೂ ಕಡೆ ಅರ್ಥ ಒಂದೇ ಅಲ್ಲ. ಒಂದು ಕಡೆಯ ಅರ್ಥವನ್ನು ಇನ್ನೊಂದು ಕಡೆಗೆ ಹೊತ್ತೊಯ್ದರೆ ವಿದ್ಯಾರ್ಥಿಗೆ ಅಂಕ ಹೋಗುತ್ತದೆ; ಚಿಕಿತ್ಸೆಯಲ್ಲಾದರೆ ಪ್ರಾಣಿಯ ಜೀವವೇ ಹೋಗಬಹುದು.

ಗ್ರೀಕ್‌ನಲ್ಲಿ ‘ಹಿಸ್ಟ್ರಿಕ್ಸ್’ ಎಂದರೆ ಮುಳ್ಳುಹಂದಿ, ‘ಮಾರ್ಫೆ’ ಎಂದರೆ ಆಕಾರ. ಹಾಗೆಂದು ಮೈಮೇಲೆ ಮುಳ್ಳಿರುವ ದಂಶಕಗಳೆಲ್ಲ ಹಿಸ್ಟ್ರಿಕೊಮಾರ್ಫ್ ಎಂದುಕೊಳ್ಳಬಾರದು. ಪಶ್ಚಿಮ ಘಟ್ಟದ ಮಲಬಾರ್ ಸ್ಪೈನಿ ಡೋರ್‌ಮೌಸ್‌ನ ಬೆನ್ನ ಮೇಲೆ ಮುಳ್ಳಿನಂಥ ಒರಟು ರೋಮಗಳಿವೆ, ಆದರೆ ಅದು ಇಲಿಗಳ ಕಡೆಯ ಬಳಗದ್ದು. ಹೆಡ್ಜ್‌ಹಾಗ್ ಅಂತೂ ದಂಶಕವೇ ಅಲ್ಲ. ಇತ್ತ ಗಿನಿಪಿಗ್, ಚಿಂಚಿಲಾ, ಕ್ಯಾಪಿಬಾರಾಗಳ ಮೈಮೇಲೆ ಒಂದೇ ಒಂದು ಮುಳ್ಳಿಲ್ಲದಿದ್ದರೂ ಅವು ಹಿಸ್ಟ್ರಿಕೊಮಾರ್ಫ್‌ಗಳು. ಮುಳ್ಳುಹಂದಿಗೂ ಇವಕ್ಕೂ ಹೋಲಿಕೆ ಇರುವುದು ದವಡೆಯ ಸ್ನಾಯು ಹಾದುಹೋಗುವ ದಾರಿಯಲ್ಲಿ.

ದಂಶಕಗಳಲ್ಲಿ ದವಡೆ ಆಡಿಸುವ ಮುಖ್ಯ ಸ್ನಾಯು ಮ್ಯಾಸೆಟರ್. ಹೊರಗಿನದು, ನಡುವಿನದು, ಒಳಗಿನದು ಎಂದು ಅದಕ್ಕೆ ಮೂರು ಪದರ. ಇವು ಕೆಳದವಡೆಯನ್ನು ಮೇಲಕ್ಕೂ ಮುಂದಕ್ಕೂ ಎಳೆಯುತ್ತವೆ. ದಂಶಕದ ಬಾಯಲ್ಲಿ ಬಾಚಿಹಲ್ಲುಗಳು ಒಂದಕ್ಕೊಂದು ತಾಗಿದಾಗ ದವಡೆ ಹಲ್ಲುಗಳು ತಾಗುವುದಿಲ್ಲ. ಕೊರೆಯುವಾಗ ಕೆಳದವಡೆ ಮುಂದೆ ಜಾರಬೇಕು, ಅರೆಯುವಾಗ ಹಿಂದೆ ಸರಿಯಬೇಕು. ಹೀಗಾಗಿ ಮ್ಯಾಸೆಟರ್ ಮೂತಿಯ ಕಡೆಗೆ ಎಷ್ಟು ಮುಂದಕ್ಕೆ ಹೋಗಿ ಅಂಟಿಕೊಂಡಿದೆ ಎಂಬುದು ಪ್ರಾಣಿ ತಿನ್ನುವ ಬಗೆಯನ್ನೇ ಬದಲಿಸುತ್ತದೆ.

ಸಸ್ತನಿಗಳ ತಲೆಬುರುಡೆಯಲ್ಲಿ ಕಣ್ಣಗುಳಿಯ ಮುಂದೆ ಇನ್‌ಫ್ರಾಆರ್ಬಿಟಲ್ ರಂಧ್ರ ಎಂಬ ಚಿಕ್ಕ ತೂತಿರುತ್ತದೆ. ಸಾಮಾನ್ಯವಾಗಿ ಅದರಲ್ಲಿ ಹಾಯುವುದು ಒಂದು ನರ, ಒಂದೆರಡು ರಕ್ತನಾಳ, ಅಷ್ಟೇ. ಹಿಸ್ಟ್ರಿಕೊಮಾರ್ಫ್ ಬಗೆಯಲ್ಲಿ ಮ್ಯಾಸೆಟರ್‌ನ ಒಳಪದರವೇ ಈ ತೂತಿನೊಳಗೆ ನುಗ್ಗಿ ಆಚೆ ಬಂದು ಮೂತಿಯ ಪಕ್ಕದ ಮೂಳೆಗೆ ಅಂಟಿಕೊಳ್ಳುತ್ತದೆ. ಸ್ನಾಯುವಿಗೆ ಜಾಗ ಬೇಕಾದ್ದರಿಂದ ತೂತು ದೊಡ್ಡದಾಗಿರುತ್ತದೆ. ಅಳಿಲುಗಳಲ್ಲಿ ತೂತು ಚಿಕ್ಕದು. ಅಲ್ಲಿ ನಡುವಿನ ಪದರ ಹೊರಗಿನಿಂದಲೇ ಮುಂದೆ ಹೋಗಿ ಕೆನ್ನೆಮೂಳೆಯ ಬುಡದ ಅಗಲ ತಟ್ಟೆಗೆ ಅಂಟುತ್ತದೆ. ಇದು ಸೈಯುರೊಮಾರ್ಫ್. ಇಲಿ, ಹೆಗ್ಗಣಗಳಲ್ಲಿ ಎರಡೂ ಉಂಟು: ಹೊರಗೆ ತಟ್ಟೆ, ಒಳಗೆ ತೂತು. ಇದು ಮಯೊಮಾರ್ಫ್. ಎರಡೂ ಇಲ್ಲದ ಹಳೆಯ ಬಗೆ ಪ್ರೊಟ್ರೊಗೊಮಾರ್ಫ್. ಅದನ್ನು ಮೂಲ ರೂಪದಲ್ಲೇ ಉಳಿಸಿಕೊಂಡು ಇಂದಿಗೂ ಬದುಕಿರುವುದು ಉತ್ತರ ಅಮೆರಿಕದ ಪಶ್ಚಿಮ ತೀರದ ಮೌಂಟನ್ ಬೀವರ್ ಒಂದೇ.

2012ರಲ್ಲಿ ಫಿಲಿಪ್ ಕಾಕ್ಸ್ ಮತ್ತು ಸಂಗಡಿಗರು ಅಳಿಲು, ಗಿನಿಪಿಗ್, ಇಲಿ ಮೂರರ ಬುರುಡೆಗಳನ್ನೂ ಕಂಪ್ಯೂಟರಿನಲ್ಲಿ ಮಾದರಿ ಮಾಡಿ ಕಚ್ಚುವ ಬಲವನ್ನು ಲೆಕ್ಕ ಹಾಕಿದರು. ಅಳಿಲು ಬಾಚಿಹಲ್ಲಿನಿಂದ ಕೊರೆಯುವುದರಲ್ಲಿ ಮುಂದು, ಗಿನಿಪಿಗ್ ದವಡೆ ಹಲ್ಲಿನಿಂದ ಅರೆಯುವುದರಲ್ಲಿ ಮುಂದು, ಇಲಿ ಎರಡರಲ್ಲೂ ಮುಂದು ಎಂದು ಕಂಡಿತು. ಇಲಿಯ ಬಳಗ ಜಗತ್ತಿನಲ್ಲೆಲ್ಲ ಹಬ್ಬಿರುವುದಕ್ಕೆ ಇದೇ ಒಂದು ಕಾರಣವೆಂದು ನಾನು ಹೇಳಲಾರೆ, ಆದರೆ ಸಿಕ್ಕಿದ್ದನ್ನೆಲ್ಲ ತಿನ್ನಬಲ್ಲ ದವಡೆ ಅದಕ್ಕೆ ದೊಡ್ಡ ಆಸ್ತಿ.

ಇನ್ನು ಬುರುಡೆಯನ್ನು ನೋಡುವ ಕ್ರಮ. ಮೊದಲು ಅದು ದಂಶಕವೇ ಎಂದು ಖಚಿತಪಡಿಸಿಕೊಳ್ಳಿ. ಮೇಲೆ ಒಂದು ಜೊತೆ, ಕೆಳಗೆ ಒಂದು ಜೊತೆ ಬಾಚಿಹಲ್ಲು, ಕೋರೆಹಲ್ಲಿಲ್ಲ, ಬಾಚಿಹಲ್ಲಿಗೂ ದವಡೆ ಹಲ್ಲಿಗೂ ನಡುವೆ ಉದ್ದನೆಯ ಖಾಲಿ ಜಾಗ. ಮೇಲಿನ ಬಾಚಿಹಲ್ಲುಗಳ ಹಿಂದೆ ಕಡ್ಡಿ ಗಾತ್ರದ ಇನ್ನೊಂದು ಜೊತೆ ಅಡಗಿದ್ದರೆ ಅದು ಮೊಲ. ಮೊಲದ ಮೂತಿಯ ಪಕ್ಕದ ಮೂಳೆ ಜಾಲರಿಯಂತೆ ತೂತುತೂತಾಗಿರುತ್ತದೆ. ಹೊಸಬರು ಅದನ್ನೇ ಹಿಸ್ಟ್ರಿಕೊಮಾರ್ಫ್ ತೂತೆಂದು ಬರೆದುಬಿಡುತ್ತಾರೆ.

ಆಮೇಲೆ ಬುರುಡೆಯನ್ನು ಎದುರಿನಿಂದ, ಮೂತಿ ನಿಮ್ಮ ಕಡೆಗಿರುವಂತೆ ಹಿಡಿದು ನೋಡಿ. ಪಕ್ಕದಿಂದ ನೋಡಿದರೆ ಇಲಿಯ ಬುರುಡೆಯಲ್ಲಿ ಮೂಳೆಯ ತಟ್ಟೆ ತೂತನ್ನು ಮರೆಮಾಡುತ್ತದೆ, ಅಳಿಲಿಗೂ ಇಲಿಗೂ ವ್ಯತ್ಯಾಸವೇ ಕಾಣುವುದಿಲ್ಲ. ಎದುರಿನಿಂದ ಇಲಿಯ ತೂತು ಹಳೆಯ ಬೀಗದ ಕೀಲಿಕಿಂಡಿಯಂತೆ ಕಾಣುತ್ತದೆ: ಮೇಲ್ಭಾಗ ಅಗಲ, ಅಲ್ಲಿ ಸ್ನಾಯು; ಕೆಳಭಾಗ ಕಿರಿದಾದ ಸೀಳು, ಅಲ್ಲಿ ನರ. ಅಳಿಲಿನ ತೂತು ಗುಂಡುಸೂಜಿ ಹೋಗುವಷ್ಟು, ಅದೂ ಮೂತಿಯ ಬದಿಯಲ್ಲಿ ತೀರ ಕೆಳಗೆ. ಗಿನಿಪಿಗ್‌ನಲ್ಲಿ ಬುರುಡೆಯ ಉದ್ದವೇ ಸುಮಾರು 6 ಸೆಂಟಿಮೀಟರ್, ಆದರೂ ತೂತಿನೊಳಗಿಂದ ಹಿಂದಿನ ಕಣ್ಣಗುಳಿ ಸಲೀಸಾಗಿ ಕಾಣುತ್ತದೆ. ಮುಳ್ಳುಹಂದಿಯಲ್ಲಿ ತೂತು ಇನ್ನೂ ವಿಶಾಲ. ಅದರ ಮೂಗಿನ ಮೂಳೆಗಳೂ ಉಬ್ಬಿಕೊಂಡು ಬುರುಡೆಯ ಮುಂಭಾಗವನ್ನೆಲ್ಲ ಆವರಿಸಿರುತ್ತವೆ, ಬೇರೆ ಯಾವುದರ ಜೊತೆಗೂ ಗೊಂದಲವಾಗದು.

ಗೂಬೆ ಕಕ್ಕಿದ ಉಂಡೆಗಳಿಂದ ಬುರುಡೆ ಬಿಡಿಸುವವರು ಒಂದು ಎಚ್ಚರ ಇಟ್ಟುಕೊಳ್ಳಬೇಕು. ಉಂಡೆಯೊಳಗಿನ ಇಲಿಯ ಬುರುಡೆಯಲ್ಲಿ ಮೊದಲು ಮುರಿಯುವುದೇ ಕೆನ್ನೆಯ ಕಮಾನು ಮತ್ತು ಆ ತೆಳು ತಟ್ಟೆ. ತಟ್ಟೆ ಒಡೆದರೆ ಕಿಂಡಿ ದೊಡ್ಡ ತೂತಾಗಿ ಕಾಣುತ್ತದೆ. ಅಂಚನ್ನು ಭೂತಗನ್ನಡಿಯಲ್ಲಿ ನೋಡಿ: ನಯವಾಗಿ ದುಂಡಗಿದ್ದರೆ ಅದು ಹುಟ್ಟು ಅಂಚು, ಚೂಪಾಗಿ ಹರಿದಂತಿದ್ದರೆ ಮುರಿದದ್ದು. ಎರಡೂ ಪಕ್ಕ ಹೋಲಿಸದೆ ಏನನ್ನೂ ಬರೆಯಬೇಡಿ.

ಹಲ್ಲು ಎಣಿಸುವುದೂ ನೆರವಿಗೆ ಬರುತ್ತದೆ. ಇಲಿ, ಹೆಗ್ಗಣಕ್ಕೆ ಒಟ್ಟು 16. ದವಡೆಯ ಪ್ರತಿ ಪಕ್ಕಕ್ಕೆ ಮೂರೇ ಅರೆಯುವ ಹಲ್ಲು. ಮುಳ್ಳುಹಂದಿಗೂ ಗಿನಿಪಿಗ್‌ಗೂ 20. ಪ್ರತಿ ಪಕ್ಕಕ್ಕೆ ನಾಲ್ಕು. ಮನೆಯಂಗಳದ ಮೂರು ಪಟ್ಟೆಯ ಅಳಿಲಿಗೆ 22. ಉದುರಿದ ಹಲ್ಲಿನ ಗುಳಿಗಳನ್ನೂ ಲೆಕ್ಕಕ್ಕೆ ಹಿಡಿಯಬೇಕು. ಮರಿ ಮುಳ್ಳುಹಂದಿಯಲ್ಲಿ ಹಿಂದಿನ ಹಲ್ಲು ಇನ್ನೂ ಮೂಡದಿರಬಹುದು, ಆಗ ಈ ಎಣಿಕೆ ನಂಬಿಕೆಗೆ ಬಾರದು.

ಕರ್ನಾಟಕದ ಕಾಡು, ಹೊಲ, ತೋಟಗಳಲ್ಲಿ ಸಿಗುವ ಹಿಸ್ಟ್ರಿಕೊಮಾರ್ಫ್ ಬುರುಡೆ ಭಾರತೀಯ ಮುಳ್ಳುಹಂದಿಯದು ಮಾತ್ರ. ಅದರ ಬಿಲದ ಬಾಯಲ್ಲಿ ಕಡಿದ ಮೂಳೆಗಳು ರಾಶಿ ಬಿದ್ದಿರುವುದುಂಟು. ಮುಳ್ಳುಹಂದಿ ಮೂಳೆಗಳನ್ನು ಹೊತ್ತು ತಂದು ಕಡಿಯುತ್ತದೆ. ಪ್ರಾಣಿ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆಯಲ್ಲಿರುವುದರಿಂದ ಬುರುಡೆ ಸಿಕ್ಕರೆ ಮನೆಗೆ ತರಬೇಡಿ. ಪಕ್ಕದಲ್ಲಿ ಅಳತೆಪಟ್ಟಿ ಇಟ್ಟು ಎದುರು, ಪಕ್ಕ, ಅಡಿ ಮೂರೂ ಕಡೆಯಿಂದ ಫೋಟೊ ತೆಗೆದರೆ ಗುರುತಿಸಲು ಅಷ್ಟು ಸಾಕು.

ಗೊಂದಲ ಶುರುವಾಗುವುದು ಇಲ್ಲಿಂದ ಮುಂದೆ. 1855ರಲ್ಲಿ ಬ್ರಾಂಟ್ ಎಂಬ ಪ್ರಾಣಿವಿಜ್ಞಾನಿ ಈ ಸ್ನಾಯುವಿನ ಬಗೆಗಳನ್ನೇ ಆಧಾರ ಮಾಡಿಕೊಂಡು ದಂಶಕಗಳನ್ನು ಅಳಿಲಿನಂಥವು, ಇಲಿಯಂಥವು, ಮುಳ್ಳುಹಂದಿಯಂಥವು ಎಂದು ಗುಂಪು ಮಾಡಿದ. ಪಠ್ಯಪುಸ್ತಕಗಳಲ್ಲಿ ಇಂದಿಗೂ ಅದೇ ಮೂರು ಗುಂಪು. 1899ರಲ್ಲಿ ಸ್ವೀಡನ್‌ನ ಟುಲ್‌ಬರ್ಗ್ ಬೇರೆಯೇ ಗುರುತು ಹಿಡಿದ: ಕೆಳದವಡೆಯ ಹಿಂತುದಿಯ ಕೋನ. ಕೆಳದವಡೆಯನ್ನು ಅಡಿಯಿಂದ ನೋಡಿ. ಆ ಕೋನ ಬಾಚಿಹಲ್ಲಿನ ಬೇರು ಕೂತ ಮೂಳೆಯ ನೇರಕ್ಕೇ ಹಿಂದೆ ಸಾಗಿದ್ದರೆ ಅದು ಸೈಯುರೊಗ್ನಾಥ್ ದವಡೆ. ಆ ನೇರವನ್ನು ಬಿಟ್ಟು ಹೊರಮಗ್ಗುಲಿನಿಂದ ಚಾಚಿಕೊಂಡಿದ್ದರೆ ಹಿಸ್ಟ್ರಿಕೊಗ್ನಾಥ್ ದವಡೆ. ಒಂದು ಮೇಲಿನ ತೂತಿನ ಮಾತು, ಇನ್ನೊಂದು ಕೆಳಗಿನ ಕೋನದ ಮಾತು. ಎರಡೂ ಬೇರೆ ಎಂಬುದನ್ನು ಮರೆತ ಬರಹಗಳು ಬೇಕಾದಷ್ಟಿವೆ.

ಮುಳ್ಳುಹಂದಿ, ಗಿನಿಪಿಗ್‌ಗಳಲ್ಲಿ ಎರಡೂ ಒಟ್ಟಿಗೆ ಇವೆ, ಆದ್ದರಿಂದ ತೊಂದರೆ ಕಾಣುವುದಿಲ್ಲ. ಜರ್ಬೋವಾ ನೋಡಿ. ಮರುಭೂಮಿಯಲ್ಲಿ ಎರಡು ಕಾಲಲ್ಲಿ ಜಿಗಿಯುವ ಈ ಪ್ರಾಣಿಗೆ ಕಣ್ಣ ಮುಂದೆ ದೊಡ್ಡ ತೂತಿದೆ, ಸ್ನಾಯುವೂ ಅದರಲ್ಲಿ ಹಾಯುತ್ತದೆ. ಆದರೆ ಕೆಳದವಡೆ ಸೈಯುರೊಗ್ನಾಥ್, ನೆಂಟಸ್ತನ ಇಲಿಗಳ ಕಡೆಗೆ. (ನಮ್ಮ ಹೊಲಗಳ ಜರ್ಬಿಲ್ ಬೇರೆ; ಅದರ ಬುರುಡೆ ಇಲಿಯ ಬಗೆಯದೇ.) ಆಫ್ರಿಕದ ಸ್ಪ್ರಿಂಗ್‌ಹೇರ್‌ನದೂ ಇದೇ ಕತೆ: ತೂತು ದೊಡ್ಡದು, ನೆಂಟಸ್ತನ ಬೇರೆ. ಉಲ್ಟಾ ಉದಾಹರಣೆ ನೇಕೆಡ್ ಮೋಲ್ ರ್‍ಯಾಟ್. ಮುಪ್ಪಿನ ಸಂಶೋಧನೆಗೆಂದು ಪ್ರಯೋಗಾಲಯಗಳಲ್ಲಿ ಸಾಕುವ, 30 ವರ್ಷ ದಾಟಿ ಬದುಕಬಲ್ಲ ಈ ಬಿಲವಾಸಿಯ ಕೆಳದವಡೆ ಹಿಸ್ಟ್ರಿಕೊಗ್ನಾಥ್, ವಂಶದಲ್ಲಿ ಮುಳ್ಳುಹಂದಿಯ ಕಡೆಯದೇ. ಆದರೆ ತೂತು ಚಿಕ್ಕದು, ಸ್ನಾಯು ಅದರೊಳಗೆ ಬರುವುದಿಲ್ಲ. ಅಂದರೆ ವರ್ಗೀಕರಣದಲ್ಲಿ ಹಿಸ್ಟ್ರಿಕೊಮಾರ್ಫ್, ಬುರುಡೆಯಲ್ಲಿ ಅಲ್ಲ.

ಡಿಎನ್‌ಎ ಅಧ್ಯಯನಗಳು ಬಂದ ಮೇಲೆ ಚಿತ್ರ ಸ್ಪಷ್ಟವಾಯಿತು. ಮ್ಯಾಸೆಟರ್ ತೂತಿನೊಳಗೆ ನುಗ್ಗುವ ಏರ್ಪಾಡು ದಂಶಕಗಳಲ್ಲಿ ಒಂದಕ್ಕಿಂತ ಹೆಚ್ಚು ಸಲ ಬೇರೆ ಬೇರೆಯಾಗಿ ಮೂಡಿದೆ. ಆದ್ದರಿಂದ ತೂತೊಂದನ್ನೇ ನೋಡಿ ನೆಂಟಸ್ತನ ಹೇಳಲಾಗದು. 2005ರ ಸಸ್ತನಿಗಳ ಜಾಗತಿಕ ಪಟ್ಟಿಯಲ್ಲಿ ದಂಶಕಗಳನ್ನು ಐದು ಉಪಗಣ ಮಾಡಿದ್ದಾರೆ. ಅದರಲ್ಲಿ ಹಿಸ್ಟ್ರಿಕೊಮಾರ್ಫ ಎಂಬ ಉಪಗಣಕ್ಕೆ ಹಿಸ್ಟ್ರಿಕೊಗ್ನಾಥ್‌ಗಳ ಜೊತೆ ಉತ್ತರ ಆಫ್ರಿಕದ ಬಂಡೆಗಳಲ್ಲಿ ಬದುಕುವ ಗುಂಡಿ ಎಂಬ ಪ್ರಾಣಿಗಳೂ ಸೇರಿವೆ. ಜರ್ಬೋವಾ ಇಲ್ಲಿಲ್ಲ, ಸ್ಪ್ರಿಂಗ್‌ಹೇರ್ ಇಲ್ಲಿಲ್ಲ. ಅದೇ ವರ್ಷ ಲಾವೋಸ್‌ನಿಂದ ‘ಖಾ-ನ್ಯೂ’ ಎಂಬ ಬಂಡೆ ಇಲಿಯನ್ನು ವಿಜ್ಞಾನಕ್ಕೆ ಹೊಸದೆಂದು ವಿವರಿಸಿದರು. ಮರುವರ್ಷ ಅದು, ಸುಮಾರು 1 ಕೋಟಿ 10 ಲಕ್ಷ ವರ್ಷ ಹಿಂದೆಯೇ ಅಳಿದಿದೆ ಎಂದುಕೊಂಡಿದ್ದ ಕುಟುಂಬದ ಕುಡಿ ಎಂದು ತಿಳಿಯಿತು. ಅದರ ಬುರುಡೆ ಹಿಸ್ಟ್ರಿಕೊಮಾರ್ಫ್, ದವಡೆ ಸೈಯುರೊಗ್ನಾಥ್, ವಂಶ ಗುಂಡಿಗಳ ಹತ್ತಿರದ್ದು. ಇಂಥ ಪ್ರಾಣಿಯನ್ನು ಒಂದೇ ಮಾತಿನಲ್ಲಿ ಹಿಡಿಯಲು ಹೊರಟರೆ ಸೋಲುವುದು ಖಂಡಿತ.

ಕನ್ನಡದಲ್ಲಿ ಬರೆಯುವವರಿಗೆ ನನ್ನ ಸಲಹೆ ಇಷ್ಟು: ವಂಶದ ಮಾತಾದರೆ ‘ಹಿಸ್ಟ್ರಿಕೊಮಾರ್ಫ ಉಪಗಣ’, ಸ್ನಾಯುವಿನ ಮಾತಾದರೆ ‘ಹಿಸ್ಟ್ರಿಕೊಮಾರ್ಫ್ ಬಗೆಯ ಬುರುಡೆ’ ಎಂದು ಬಿಡಿಸಿ ಬರೆಯಿರಿ. ಬರಿದೇ ‘ಹಿಸ್ಟ್ರಿಕೊಮಾರ್ಫ್’ ಎಂದರೆ ಓದುಗ ಯಾವುದನ್ನು ಹಿಡಿಯಬೇಕು?

ಮೂರನೆಯ ಬಳಕೆ ಪಶುವೈದ್ಯರದು. ಅವರು ಹಿಸ್ಟ್ರಿಕೊಮಾರ್ಫ್ ಎಂದಾಗ ಬಹುತೇಕ ಗಿನಿಪಿಗ್, ಚಿಂಚಿಲಾ, ಡೆಗು (ಚಿಲಿ ದೇಶದ ಇಲಿಯಂಥ ಚಿಕ್ಕ ದಂಶಕ) ಎಂದೇ ಅರ್ಥ. ಈ ಬಳಕೆಗೆ ಒಂದು ಸಕಾರಣವಿದೆ: ಇವುಗಳ ಗರ್ಭಧಾರಣೆ ದೀರ್ಘ. ಇಲಿ ಮೂರು ವಾರದಲ್ಲಿ ಕಣ್ಣು ಮುಚ್ಚಿದ, ರೋಮವಿಲ್ಲದ ಮರಿ ಹಾಕಿದರೆ ಗಿನಿಪಿಗ್ 59ರಿಂದ 72 ದಿನ, ಡೆಗು ಸುಮಾರು 90, ಚಿಂಚಿಲಾ ಸುಮಾರು 111 ದಿನ ತೆಗೆದುಕೊಳ್ಳುತ್ತವೆ. ಮರಿ ಹುಟ್ಟುವಾಗಲೇ ಕಣ್ಣು ತೆರೆದು, ರೋಮ ಹೊದ್ದು, ಹಲ್ಲು ಮೂಡಿಸಿಕೊಂಡಿರುತ್ತದೆ. ದೊಡ್ಡ ಮರಿ ಹೊರಬರಲು ತಾಯಿಯ ಸೊಂಟದ ಮುಂಭಾಗದ ಕೀಲು ಸಡಿಲವಾಗಬೇಕು. ಹೆಣ್ಣು ಗಿನಿಪಿಗ್‌ಗೆ ಆರೇಳು ತಿಂಗಳು ದಾಟುವವರೆಗೂ ಒಂದೂ ಹೆರಿಗೆ ಆಗಿರದಿದ್ದರೆ ಆ ಕೀಲು ಬಿಗಿದುಕೊಳ್ಳುತ್ತದೆ, ಆಮೇಲೆ ಗರ್ಭ ಕಟ್ಟಿದರೆ ಮರಿ ಸಿಕ್ಕಿಹಾಕಿಕೊಂಡು ಶಸ್ತ್ರಚಿಕಿತ್ಸೆಯೇ ಬೇಕಾಗುತ್ತದೆ. ಮರಿ ಬೇಡವಾದರೆ ಗಂಡು ಹೆಣ್ಣನ್ನು ಮೊದಲಿನಿಂದಲೇ ಬೇರೆ ಇಡುವುದು ಒಳ್ಳೆಯದು.

ಹಲ್ಲಿನ ವಿಷಯಕ್ಕೆ ಬಂದರೆ ಆಗಲೇ ಒಳಗೊಳಗೇ ವ್ಯತ್ಯಾಸ. ಗಿನಿಪಿಗ್, ಚಿಂಚಿಲಾಗಳಲ್ಲಿ ದವಡೆ ಹಲ್ಲೂ ಜೀವಮಾನವಿಡೀ ಬೆಳೆಯುತ್ತದೆ. ಮುಳ್ಳುಹಂದಿಯ ದವಡೆ ಹಲ್ಲಿಗೆ ಬೇರಿದೆ, ಅದು ಸವೆದದ್ದು ಸವೆದಂತೆ. ಗಿನಿಪಿಗ್‌ನ ಕೆಳಗಿನ ದವಡೆ ಹಲ್ಲುಗಳು ನಾಲಿಗೆಯ ಕಡೆಗೆ ವಾಲಿರುತ್ತವೆ. ನಾರಿನ ಹುಲ್ಲು ಸಾಕಷ್ಟು ಸಿಗದೆ ಸವೆತ ಕಡಿಮೆಯಾದರೆ ಎರಡೂ ಪಕ್ಕದ ಮುಂದಿನ ಹಲ್ಲುಗಳು ಒಳಕ್ಕೆ ಬಾಗಿ ಒಂದನ್ನೊಂದು ಮುಟ್ಟುವಷ್ಟಾಗಿ ನಾಲಿಗೆ ಅಡಿಗೆ ಸಿಕ್ಕಿಬೀಳುತ್ತದೆ. ಪ್ರಾಣಿ ತಟ್ಟೆಯ ಹತ್ತಿರ ಬರುತ್ತದೆ, ತುಂಡು ಕಚ್ಚುತ್ತದೆ, ನುಂಗಲಾಗದೆ ಬಿಡುತ್ತದೆ. ಗಲ್ಲ ಜೊಲ್ಲಿನಿಂದ ಒದ್ದೆ. ಹೊರಗಿನಿಂದ ಬಾಚಿಹಲ್ಲು ಮಾತ್ರ ನೋಡಿ ಚೆನ್ನಾಗಿದೆ ಎನ್ನುವುದು ಇಲ್ಲಿ ಆಗುವ ಸಾಮಾನ್ಯ ತಪ್ಪು. ಅರಿವಳಿಕೆ ಕೊಟ್ಟು ಬಾಯಿ ಅಗಲಿಸಿ ಉಜ್ಜಿ ಸರಿಪಡಿಸಬೇಕು. ಕತ್ತರಿಯಿಂದ ಕತ್ತರಿಸಿದರೆ ಹಲ್ಲು ಉದ್ದಕ್ಕೆ ಸೀಳಿ ಬೇರಿನವರೆಗೆ ಸೋಂಕು ಇಳಿಯುತ್ತದೆ.

ಸಿ ಜೀವಸತ್ವದ ಮಾತಂತೂ ಇನ್ನೂ ಜೋಪಾನ. ಗಿನಿಪಿಗ್ ನಮ್ಮಂತೆಯೇ ಅದನ್ನು ಮೈಯಲ್ಲಿ ತಯಾರಿಸಲಾರದು. 1907ರಲ್ಲಿ ನಾರ್ವೆಯ ಹೋಲ್ಸ್ಟ್ ಮತ್ತು ಫ್ರೋಲಿಶ್ ಗಿನಿಪಿಗ್‌ಗಳಿಗೆ ಬರೀ ಧಾನ್ಯ ತಿನ್ನಿಸಿದಾಗ ಸ್ಕರ್ವಿ ಬಂದದ್ದೇ ಆ ಜೀವಸತ್ವದ ಹುಡುಕಾಟಕ್ಕೆ ದಾರಿ ಮಾಡಿತು. ಬೆಳೆದ ಪ್ರಾಣಿಗೆ ದಿನಕ್ಕೆ ಕಿಲೋ ತೂಕಕ್ಕೆ 10–20 ಮಿಲಿಗ್ರಾಂ, ಗಬ್ಬದಲ್ಲಿ 30 ಮಿಲಿಗ್ರಾಂವರೆಗೆ ಬೇಕು. ಸುಮಾರು 25 ಗ್ರಾಂ ಹಸಿ ದೊಣ್ಣೆಮೆಣಸಿನಕಾಯಿ ಒಂದು ದಿನಕ್ಕೆ ಸಾಕು. ನೀರಿನ ಬಾಟಲಿಗೆ ಹನಿ ಹಾಕುವುದು ವ್ಯರ್ಥ. ಬೆಳಕಿಗೆ, ಲೋಹಕ್ಕೆ ತಾಗಿ ಬೇಗ ಕೆಡುತ್ತದೆ, ರುಚಿ ಬದಲಾಗಿ ಪ್ರಾಣಿ ನೀರನ್ನೇ ಬಿಡುತ್ತದೆ. ಆದರೆ ‘ಹಿಸ್ಟ್ರಿಕೊಮಾರ್ಫ್‌ಗಳಿಗೆಲ್ಲ ಸಿ ಬೇಕು’ ಎಂಬ ಸಾಲು ತಪ್ಪು. ಕ್ಯಾಪಿಬಾರಾಗೆ ಬೇಕು, ಚಿಂಚಿಲಾ ತಾನೇ ತಯಾರಿಸಿಕೊಳ್ಳುತ್ತದೆ.

ಜೀವರಸಾಯನ ಓದುವವರು ‘ಹಿಸ್ಟ್ರಿಕೊಮಾರ್ಫ್ ಇನ್ಸುಲಿನ್’ ಎಂಬ ಮಾತು ಕೇಳಿರುತ್ತಾರೆ. ಈ ಬಳಗದ ಇನ್ಸುಲಿನ್‌ನ ರಚನೆ ಉಳಿದ ಸಸ್ತನಿಗಳದ್ದಕ್ಕಿಂತ ಸಾಕಷ್ಟು ಬೇರೆ. ಹಾಗಾಗಿಯೇ ಹಂದಿ, ದನದ ಇನ್ಸುಲಿನ್ ಚುಚ್ಚಿದರೆ ಗಿನಿಪಿಗ್‌ನ ದೇಹ ಅದನ್ನು ಪರಕೀಯವೆಂದು ಹಿಡಿದು ಪ್ರತಿಕಾಯಗಳನ್ನು ಧಾರಾಳವಾಗಿ ತಯಾರಿಸುತ್ತದೆ. ಯಾಲೊ ಮತ್ತು ಬರ್ಸನ್ ರಕ್ತದಲ್ಲಿನ ಇನ್ಸುಲಿನ್ ಅಳೆಯುವ ವಿಧಾನ ಕಟ್ಟಿದಾಗ ಬಳಸಿದ್ದು ಇದನ್ನೇ. ಡೆಗು ಸಾಕುವವರಿಗೆ ಇದರ ಇನ್ನೊಂದು ಮುಖ ಗೊತ್ತಿರಬೇಕು: ಸಿಹಿ ಹಣ್ಣು, ಒಣದ್ರಾಕ್ಷಿ ಕೊಟ್ಟರೆ ಅದಕ್ಕೆ ಮಧುಮೇಹ ಬಂದು ಕಣ್ಣಿಗೆ ಪೊರೆ ಕಟ್ಟುತ್ತದೆ.

ಕೊನೆಯದಾಗಿ ಔಷಧ. ಗಿನಿಪಿಗ್, ಚಿಂಚಿಲಾಗಳಿಗೆ ಅಮಾಕ್ಸಿಸಿಲಿನ್, ಆಂಪಿಸಿಲಿನ್, ಕ್ಲಿಂಡಾಮೈಸಿನ್‌ನಂಥ ಆಂಟಿಬಯಾಟಿಕ್ ಬಾಯಿಂದ ಕೊಟ್ಟರೆ ಕರುಳಿನ ಒಳ್ಳೆಯ ಸೂಕ್ಷ್ಮಜೀವಿಗಳು ಸತ್ತು ಕ್ಲಾಸ್ಟ್ರಿಡಿಯಂ ಎಂಬ ಬ್ಯಾಕ್ಟೀರಿಯಾ ಹೆಚ್ಚಿ, ಅದರ ವಿಷದಿಂದ ಪ್ರಾಣಿ ಕೆಲವೇ ದಿನಗಳಲ್ಲಿ ಸಾಯುತ್ತದೆ. ಮನೆಯಲ್ಲಿ ಮಕ್ಕಳಿಗೆ ತಂದ ಸಿರಪ್‌ನಲ್ಲಿ ಎರಡು ಹನಿ ಹಾಕಿ ಕಳೆದುಕೊಂಡವರಿದ್ದಾರೆ. ಆದರೆ ಇದನ್ನು ಹಿಸ್ಟ್ರಿಕೊಮಾರ್ಫ್ ಗುಣವೆಂದು ನೆನಪಿಟ್ಟುಕೊಂಡವರು ಹ್ಯಾಮ್‌ಸ್ಟರ್‌ಗೆ ಅದೇ ಔಷಧ ಧೈರ್ಯವಾಗಿ ಕೊಟ್ಟುಬಿಡುತ್ತಾರೆ. ಹ್ಯಾಮ್‌ಸ್ಟರ್ ಇಲಿಯ ಬಳಗದ್ದು, ಮೊಲ ದಂಶಕವೇ ಅಲ್ಲ. ಎರಡೂ ಈ ಔಷಧಗಳಿಗೆ ಹೀಗೆಯೇ ಬಲಿಯಾಗುತ್ತವೆ. ವೈದ್ಯರಿಗೆ ಫೋನ್ ಮಾಡುವಾಗ ಪ್ರಾಣಿಯ ಹೆಸರು, ವಯಸ್ಸು, ಗ್ರಾಂ ಲೆಕ್ಕದ ತೂಕ, ಕಡೆಯ ಸಲ ಯಾವಾಗ ಹಿಕ್ಕೆ ಹಾಕಿತು ಎಂಬ ನಾಲ್ಕನ್ನು ಹೇಳಿ.