ಅದೀರಾ: ತೊಟ್ಟಿಲಿಗೆ ಬಂದ ಹೀಬ್ರೂ ಹೆಸರಿನ ಜಾತಕ

ದಾವಣಗೆರೆ, ಚಿತ್ರದುರ್ಗದ ಕಡೆ ನಾಮಕರಣದ ಆಮಂತ್ರಣ ಈಗ ಬರುವುದು ಮೊಬೈಲಿಗೆ. ತೊಟ್ಟಿಲ ಚಿತ್ರ, ಅಕ್ಕಪಕ್ಕ ನವಿಲು, ಕೆಳಗೆ ಸಮುದಾಯ ಭವನದ ವಿಳಾಸ. ಗುಟ್ಟು ಕಾಯುವ ಹಟ ಮನೆಯವರಿಗೆ ಇಲ್ಲದಿದ್ದರೆ ನಡುವೆ ಮಗುವಿನ ಹೆಸರು. ಅದನ್ನು ಓದಿದ ಹಿರಿಯರು ಕೇಳುವುದು ಒಂದೇ ಪ್ರಶ್ನೆ: ಹಾಗೆಂದರೆ ಏನು? ಉತ್ತರವೂ ಮೊಬೈಲಿನಿಂದಲೇ ಬರುತ್ತದೆ. ಅಂಥ ಹೆಸರುಗಳಲ್ಲಿ ‘ಅದೀರಾ’ ಒಂದು. ಬಲಶಾಲಿ ಎನ್ನುತ್ತದೆ ಒಂದು ಪಟ್ಟಿ, ಮಿಂಚು ಎನ್ನುತ್ತದೆ ಇನ್ನೊಂದು, ನಕ್ಷತ್ರ ಎನ್ನುತ್ತದೆ ಮತ್ತೊಂದು. ಮೂರೂ ಸರಿಯೇ. ಆದರೆ ಮೂರೂ ಒಂದೇ ಹೆಸರಿನ ಅರ್ಥಗಳಲ್ಲ.

ಒಂದಕ್ಕೊಂದು ನಂಟಿಲ್ಲದ ಮೂರು ಪದಗಳು ಇಂಗ್ಲಿಷ್ ಅಕ್ಷರಕ್ಕೆ ಬಿದ್ದಾಗ ಹೆಚ್ಚುಕಡಿಮೆ ಒಂದೇ ಆಗಿಬಿಟ್ಟಿವೆ. ಇಂಗ್ಲಿಷಿನ ‘ಡಿ’ ಅಕ್ಷರ ನಮ್ಮ ದ, ಧ, ಡ, ಢ ನಾಲ್ಕನ್ನೂ ನುಂಗಿ ನೀರು ಕುಡಿಯುತ್ತದೆ. ಪಟ್ಟಿ ಮಾಡಿದವರು ಮೂರರ ಅರ್ಥವನ್ನೂ ಒಂದೇ ಸಾಲಿಗೆ ಸೇರಿಸಿದರು, ಪೋಷಕರು ತಮಗೆ ಹಿಡಿಸಿದ್ದನ್ನು ಆಯ್ದುಕೊಂಡರು. ಈ ಮೂರರಲ್ಲಿ ‘ಬಲಶಾಲಿ’ ಎಂಬ ಅರ್ಥದ್ದು ಹೀಬ್ರೂ. ಅದರ ಜಾತಕವನ್ನೇ ಮೊದಲು ಬಿಡಿಸಬೇಕು.

ಹೀಬ್ರೂ ಪದಗಳು ಬಹುಪಾಲು ಹುಟ್ಟುವುದು ಮೂರು ವ್ಯಂಜನಗಳ ಧಾತುವಿನಿಂದ. ಅಲೆಫ್, ದಾಲೆತ್, ರೇಶ್ ಎಂಬ ಮೂರು ಅಕ್ಷರಗಳ ಧಾತುವಿನಿಂದ ಬಂದ ಗುಣವಾಚಕ ‘ಅದ್ದೀರ್’. ಘನವಾದ, ಪ್ರಬಲವಾದ, ಗಾಂಭೀರ್ಯವುಳ್ಳ ಎಂದು ಅರ್ಥ. ತೋಳ್ಬಲಕ್ಕಿಂತ ಹಿರಿಮೆಯ ಕಡೆಗೇ ಈ ಪದದ ಒಲವು. ಬೈಬಲ್ಲಿನ ಹಳೆಯ ಒಡಂಬಡಿಕೆಯ ವಿಮೋಚನಕಾಂಡದಲ್ಲಿ ಈಜಿಪ್ಟಿನ ದೊರೆ ಫರೋಹನ ಸೈನ್ಯ ಸೀಸದ ಗುಂಡಿನಂತೆ ಮುಳುಗುವುದು ‘ಅದ್ದೀರ್’ ಎನ್ನಿಸಿಕೊಂಡ ನೀರಿನಲ್ಲಿ. ಎಂಟನೇ ಕೀರ್ತನೆಯಲ್ಲಿ ದೇವರ ಹೆಸರು ಭೂಮಿಯಲ್ಲೆಲ್ಲ ಎಷ್ಟು ಘನವಾದದ್ದು ಎಂದು ಹಾಡುವಾಗ ಬಳಸಿರುವುದೂ ಇದೇ ಪದ. ಯೆಶಾಯನ ಗ್ರಂಥದಲ್ಲಿ ಅದು ಹಡಗಿಗೆ ವಿಶೇಷಣ. ಪ್ರವಾದಿಗಳು ಹೊದೆಯುತ್ತಿದ್ದ ಕಂಬಳಿಯಂಥ ಮೇಲುವಸ್ತ್ರ ‘ಅದ್ದೆರೆತ್’ ಕೂಡ ಇದೇ ಬಳ್ಳಿಯ ಕಾಯಿ.

ಆದರೆ ಚಿತ್ರದುರ್ಗದ ಓದುಗರು ನಿಂತು ನೋಡಬೇಕಾದದ್ದು ಒಂದು ಬಟ್ಟಲನ್ನು. ನ್ಯಾಯಸ್ಥಾಪಕರು ಎಂಬ ಭಾಗದ ಐದನೇ ಅಧ್ಯಾಯದಲ್ಲಿ ದೆಬೋರ ಎಂಬ ಪ್ರವಾದಿನಿಯ ಹಾಡಿದೆ. ಹೀಬ್ರೂ ಕಾವ್ಯದಲ್ಲಿ ಉಳಿದುಬಂದ ಅತಿ ಹಳೆಯ ತುಣುಕುಗಳಲ್ಲಿ ಇದೂ ಒಂದು ಎಂದು ವಿದ್ವಾಂಸರು ಎಣಿಸುತ್ತಾರೆ. ಯುದ್ಧದಲ್ಲಿ ಸೋತ ಸೇನಾಪತಿ ಸೀಸೆರ ರಥ ಬಿಟ್ಟು ಕಾಲ್ನಡಿಗೆಯಲ್ಲಿ ಓಡಿಬಂದು ಯಾಯೇಲ ಎಂಬ ಹೆಂಗಸಿನ ಗುಡಾರ ಹೊಗುತ್ತಾನೆ. ಕುಡಿಯಲು ನೀರು ಕೇಳುತ್ತಾನೆ. ಅವಳು ಹಾಲು ಕೊಡುತ್ತಾಳೆ. ದೊರೆಗಳಿಗೆ ತಕ್ಕ ಬಟ್ಟಲಲ್ಲಿ ಮೊಸರು ತಂದಿಡುತ್ತಾಳೆ. ಮೂಲದಲ್ಲಿ ಆ ಬಟ್ಟಲು ‘ಸೇಫೆಲ್ ಅದ್ದೀರೀಮ್’, ಅಂದರೆ ಘನವಂತರ ಬಟ್ಟಲು. (ಅದು ಮೊಸರೋ ಬೆಣ್ಣೆಯೋ ಎಂಬುದರಲ್ಲಿ ಅನುವಾದಕರಿಗೆ ಒಮ್ಮತವಿಲ್ಲ. ದಾವಣಗೆರೆಯವರು ಬೆಣ್ಣೆಯ ಪಕ್ಷ ವಹಿಸಲು ಅಡ್ಡಿಯಿಲ್ಲ.) ಹೊದಿಕೆ ಹೊದ್ದು ಅವನು ನಿದ್ದೆಹೋದ ಮೇಲೆ ಯಾಯೇಲ ಗುಡಾರದ ಗೂಟವನ್ನೂ ಸುತ್ತಿಗೆಯನ್ನೂ ಕೈಗೆ ತೆಗೆದುಕೊಂಡು ಗೂಟವನ್ನು ಅವನ ಕಣತಲೆಗೆ ಬಡಿಯುತ್ತಾಳೆ. ಸೇನೆ ಮುಗಿಸಲಾಗದೆ ಬಿಟ್ಟಿದ್ದ ಕೆಲಸ ಗುಡಾರದೊಳಗೆ ಮುಗಿಯುತ್ತದೆ.

ಕೋಟೆಯ ಕಿಂಡಿಯ ಬಳಿ ಒನಕೆ ಹಿಡಿದು ನಿಂತ ಓಬವ್ವನ ಕಥೆ ಕೇಳಿ ಬೆಳೆದವರಿಗೆ ಇದನ್ನು ವಿವರಿಸಿ ಹೇಳಬೇಕಿಲ್ಲ. ಅಲ್ಲಿ ಗೂಟ, ಇಲ್ಲಿ ಒನಕೆ. ಅಲ್ಲಿ ಕಾನಾನಿನ ಸೇನಾಪತಿ, ಇಲ್ಲಿ ಹೈದರಾಲಿಯ ಸೈನಿಕರು. ಇಬ್ಬರೂ ಆಯುಧಶಾಲೆಯ ಕಡೆ ತಿರುಗಿ ನೋಡಿದವರಲ್ಲ, ಮನೆಯ ಸಾಮಾನೇ ಸಾಕಾಯಿತು. ಒಂದು ವ್ಯತ್ಯಾಸ ಹೇಳಲೇಬೇಕು. ಯಾಯೇಲಳದು ಆಶ್ರಯ ಕೇಳಿ ಬಂದವನಿಗೆ ಬಗೆದ ದ್ರೋಹವಲ್ಲವೇ ಎಂಬ ತಕರಾರು ವ್ಯಾಖ್ಯಾನಕಾರರಲ್ಲಿ ಇದೆ. ಓಬವ್ವನ ಮೇಲೆ ಅಂಥ ತಕರಾರಿಲ್ಲ, ಅವಳ ಕಿಂಡಿಯಲ್ಲಿ ನುಸುಳಿದವರು ನೀರು ಕೇಳಲು ಬಂದವರಲ್ಲ.

ಇಷ್ಟೆಲ್ಲ ಹಳೆಯ ಬೇರಿದ್ದರೂ ಬೈಬಲ್ಲಿನಲ್ಲಿ ಅದೀರಾ ಎಂಬ ಹೆಣ್ಣುಮಗಳು ಇಲ್ಲ. ಹೆಸರಿನ ಪಟ್ಟಿಗಳಲ್ಲಿ ಕಾಣುವ ‘ಬೈಬಲ್ ಕಾಲದ ಹೆಸರು’ ಎಂಬ ಮಾತು ಅರ್ಧ ಸತ್ಯ. ಪದ ಪುರಾತನ, ಹೆಸರು ಹೊಸದು. ಬೈಬಲ್ಲಿನ ಹೆಂಗಸರ ಹೆಸರುಗಳ ರೀತಿಯೇ ಬೇರೆ. ರಾಹೇಲ ಎಂದರೆ ಹೆಣ್ಣು ಕುರಿ. ದೆಬೋರ ಎಂದರೆ ಜೇನುನೊಣ. ತಾಮಾರ ಎಂದರೆ ಖರ್ಜೂರದ ಮರ. ಯಾಯೇಲ ಎಂದರೆ ಕಾಡುಮೇಕೆ. ಇಂದು ‘ಲಿಯಾ’ ಎಂದು ನಯವಾಗಿ ಕರೆಸಿಕೊಳ್ಳುವ ಲೇಯ ಎಂಬ ಹೆಸರಿಗೆ ‘ದಣಿದವಳು’ ಎಂದು ಕೆಲವರು, ‘ಹಸು’ ಎಂದು ಕೆಲವರು ಅರ್ಥ ಹೇಳುತ್ತಾರೆ. ಕುರಿ ಮೇಯಿಸುತ್ತಿದ್ದ ಜನರ ಹೆಸರುಗಳು ಅವು. ಚಳ್ಳಕೆರೆ, ಹಿರಿಯೂರಿನ ಕುರಿಹಟ್ಟಿಗಳಿಗೆ ತಂದುಬಿಟ್ಟರೆ ಅಲ್ಲೇ ಹೊಂದಿಕೊಳ್ಳುವಂಥವು.

ಅದೀರಾದಂಥ ಹೆಸರುಗಳು ಹುಟ್ಟಿದ್ದು ಹೀಬ್ರೂ ಮತ್ತೆ ಮನೆಮಾತಾದ ಮೇಲೆ. ಎರಡು ಸಾವಿರ ವರ್ಷದ ಹತ್ತಿರ ಅದು ಮುಖ್ಯವಾಗಿ ಪ್ರಾರ್ಥನೆಯ, ಗ್ರಂಥದ, ಪತ್ರವ್ಯವಹಾರದ ಭಾಷೆಯಾಗಿತ್ತು. ಪೂರ್ವ ಯುರೋಪಿನ ಯಹೂದಿಗಳ ಮನೆಮಾತು ಯಿಡ್ಡಿಷ್. ಗಂಡುಮಕ್ಕಳಿಗೆ ಗ್ರಂಥದ ಹೀಬ್ರೂ ಹೆಸರು, ಹೆಣ್ಣುಮಕ್ಕಳಿಗೆ ಅನೇಕ ಸಲ ಯಿಡ್ಡಿಷ್ ಹೆಸರು. ಗೋಲ್ಡಾ ಎಂದರೆ ಚಿನ್ನ, ನಮ್ಮ ಚಿನ್ನಮ್ಮನೇ. 1881ರಲ್ಲಿ ಜೆರುಸಲೇಮಿಗೆ ಬಂದು ನೆಲೆಸಿದ ಎಲಿಯೇಜರ್ ಬೆನ್ ಯಹೂದ ಮನೆಯೊಳಗೆ ಹೀಬ್ರೂ ಬಿಟ್ಟು ಬೇರೆ ಮಾತು ಆಡಕೂಡದೆಂದು ಹಟ ಹಿಡಿದರು. 1882ರಲ್ಲಿ ಹುಟ್ಟಿದ ಅವರ ಮಗ ಹೊಸ ಕಾಲದಲ್ಲಿ ಹೀಬ್ರೂವನ್ನೇ ತಾಯಿನುಡಿಯಾಗಿ ಕಲಿತ ಮೊದಲ ಮಗು ಎಂದು ಹೆಸರಾದ. ಅವರ ಎರಡನೇ ಹೆಂಡತಿಯ ಹುಟ್ಟುಹೆಸರು ಬೈಲಾ, ಅದು ಯಿಡ್ಡಿಷ್. ಮದುವೆಯಾಗಿ ಬಂದ ಮೇಲೆ ಆಕೆ ‘ಹೆಮ್ದಾ’ ಎಂಬ ಹೀಬ್ರೂ ಹೆಸರಿಟ್ಟುಕೊಂಡರು. ಮನೆಯಲ್ಲಿ ಆದದ್ದೇ ಮುಂದೆ ಊರಲ್ಲಿ ಆಯಿತು. ವಲಸೆ ಬಂದವರು ಹಳೆಯ ಹೆಸರು ಕಳಚಿ ಹೀಬ್ರೂ ಹೆಸರು ತೊಟ್ಟರು. 1948ರಲ್ಲಿ ಇಸ್ರೇಲ್ ಆದ ಮೇಲಂತೂ ಅದು ಸರ್ಕಾರವೇ ಉತ್ತೇಜಿಸಿದ ರೂಢಿ. ಮುಂದೆ ಪ್ರಧಾನಿಯಾದ ಗೋಲ್ಡಾ ಮೆಯರ್ಸನ್ 1956ರಲ್ಲಿ ಮನೆತನದ ಹೆಸರನ್ನು ಮೆಯಿರ್ ಎಂದು ಬದಲಿಸಿದರು. ಗೋಲ್ಡಾವನ್ನು ಮಾತ್ರ ಬಿಟ್ಟುಕೊಡಲಿಲ್ಲ.

ಹೊಸ ಹೆಣ್ಣುಮಕ್ಕಳಿಗೆ ಹೊಸ ಹೆಸರು ಬೇಕಿತ್ತು. ನಿಘಂಟನ್ನೇ ತೊಟ್ಟಿಲಿಗೆ ತಂದರು. ಇಲಾನಾ ಎಂದರೆ ಮರ, ಅವೀವಾ ವಸಂತದ ನೆನಪು, ತಲ್ ಎಂದರೆ ಇಬ್ಬನಿ, ಲಿಯೋರಾ ಎಂದರೆ ‘ನನಗೆ ಬೆಳಕು’. ಗಂಡುಹೆಸರಿಗೆ ‘ಆ’ ಸೇರಿಸಿ ಹೆಣ್ಣುಹೆಸರು ಮಾಡುವುದೂ ಹೀಬ್ರೂ ವ್ಯಾಕರಣಕ್ಕೆ ಸಹಜ. ಅದೀರ್ ಗಂಡು, ಅದೀರಾ ಹೆಣ್ಣು. ಈ ‘ಆ’ ಎಂಬ ಬಾಲವೇ ಹೀಬ್ರೂ ಹೆಸರುಗಳಿಗೆ ನಮ್ಮ ಕಡೆ ಸಲೀಸಾಗಿ ಬಾಗಿಲು ತೆರೆದದ್ದು ಎಂದು ನನಗೆ ಅನ್ನಿಸುತ್ತದೆ. ಸಂಸ್ಕೃತದ ಉಮಾ, ರಮಾ, ಇಂದಿರಾಗಳ ಸಾಲಿನಲ್ಲಿ ಅದೀರಾ, ತಾಲಿಯಾ, ಅವೀವಾ ನಿಂತರೆ ಕಿವಿಗೆ ಅನುಮಾನವೇ ಬರುವುದಿಲ್ಲ. ಹಾಡು ಎಂಬ ಅರ್ಥದ ‘ಶಿರಾ’ ಮಾತ್ರ ಈ ಭಾಗದಲ್ಲಿ ನಡೆಯುವುದು ಕಷ್ಟ. ಹಿರಿಯೂರು ದಾಟಿದರೆ ಆ ಹೆಸರಿನ ಊರೇ ಸಿಗುತ್ತದೆ, ತಟ್ಟೆಗೆ ಬಂದರೆ ಅದು ಸಜ್ಜಿಗೆ.

ಹೀಬ್ರೂ ಹೆಸರುಗಳು ಮಧ್ಯ ಕರ್ನಾಟಕಕ್ಕೆ ಹೊಸಬವೇನಲ್ಲ. ಮರಿಯಂ, ಸಾರಾ, ಯೂಸುಫ್, ಇಬ್ರಾಹಿಂ ಅರಬ್ಬಿಯ ದಾರಿ ಹಿಡಿದು ಮುಸ್ಲಿಂ ಮನೆಗಳಿಗೆ ಎಂದೋ ಬಂದಿವೆ. ಪಕ್ಕದ ಬಳ್ಳಾರಿಯಲ್ಲಿದ್ದ ಲಂಡನ್ ಮಿಷನರಿ ಜಾನ್ ಹ್ಯಾಂಡ್ಸ್ 19ನೇ ಶತಮಾನದ ಮೊದಲ ದಶಕಗಳಲ್ಲಿ ಬೈಬಲ್ಲನ್ನು ಕನ್ನಡಕ್ಕೆ ತರುವ ಕೆಲಸಕ್ಕೆ ಕೂತಾಗ ಯಾಕೋಬ, ಯೋಸೇಫ, ಮರಿಯ ಕನ್ನಡದ ವಿಭಕ್ತಿ ಹಚ್ಚಿಕೊಂಡು ಓಡಾಡತೊಡಗಿದರು. 2019ರಲ್ಲಿ ಬೆಸಿಲಿಕಾ ಪಟ್ಟ ಪಡೆದ ಹರಿಹರದ ಆರೋಗ್ಯ ಮಾತೆಯ ಹೆಸರೂ ಮೂಲದಲ್ಲಿ ಮಿರ್ಯಾಮ್, ಅದು ಹೀಬ್ರೂ ಬೈಬಲ್ಲಿನಿಂದ ಬಂದದ್ದು. ಸೆಪ್ಟೆಂಬರ್ 8ರ ಹಬ್ಬಕ್ಕೆ ಜಾತಿಮತ ನೋಡದೆ ಹರಕೆ ಹೊತ್ತು ಹೋಗುವವರಿಗೆ ಆ ವ್ಯುತ್ಪತ್ತಿ ಬೇಕಿಲ್ಲ.

ಅವೆಲ್ಲ ದೇವರ ಹಿಂದೆ ಬಂದ ಹೆಸರುಗಳು. ಅದೀರಾ ಬಂದದ್ದು ಸಿನಿಮಾ ಸುದ್ದಿಯ ಹಿಂದೆ. 2015ರ ಡಿಸೆಂಬರಿನಲ್ಲಿ ಹಿಂದಿ ನಟಿ ರಾಣಿ ಮುಖರ್ಜಿ ಮತ್ತು ನಿರ್ಮಾಪಕ ಆದಿತ್ಯ ಚೋಪ್ರಾ ತಮ್ಮ ಮಗಳಿಗೆ ಈ ಹೆಸರಿಟ್ಟರು. ತಂದೆಯ ‘ಆದಿ’, ತಾಯಿಯ ‘ರಾ’ ಸೇರಿ ‘ಆದಿರಾ’ ಎಂದು ಪತ್ರಿಕೆಗಳು ಬಿಡಿಸಿ ಹೇಳಿದವು. ಅಂದರೆ ದೇಶಕ್ಕೆ ಈ ಹೆಸರನ್ನು ಪರಿಚಯಿಸಿದ ಮಗುವಿನದು ಹೀಬ್ರೂ ಎಂದು ಖಚಿತವಾಗಿ ಹೇಳಲಾಗದ ಹೆಸರು! ಅರ್ಥ ಆಮೇಲೆ ಹುಡುಕಿದವರಿಗೆ ಹೀಬ್ರೂ ಸಿಕ್ಕಿತು, ಚೆನ್ನಾಗಿಯೂ ಇತ್ತು, ಉಳಿಯಿತು.

ಇನ್ನು ಮಿಂಚಿನ ವಿಚಾರ. ಅದು ಸಂಸ್ಕೃತದ ‘ಅಧೀರಾ’. ಧೀರ ಎಂದರೆ ಸ್ಥಿರಚಿತ್ತದವನು, ಅಧೀರ ಎಂದರೆ ಧೃತಿಗೆಟ್ಟವನು, ನಿಂತಲ್ಲಿ ನಿಲ್ಲದವನು. ನಿಲ್ಲದೆ ಹೊಯ್ದಾಡುತ್ತದೆ ಎಂಬ ಕಾರಣಕ್ಕೆ ಸಂಸ್ಕೃತ ಕೋಶಗಳು ಮಿಂಚಿಗೂ ಅಧೀರಾ ಎನ್ನುತ್ತವೆ. ಅಲಂಕಾರಶಾಸ್ತ್ರದಲ್ಲಿ ಅಧೀರಾ ಎಂದರೆ ತಪ್ಪು ಮಾಡಿ ಬಂದ ನಲ್ಲನ ಮೇಲೆ ಸಿಟ್ಟು ತಡೆಯಲಾರದೆ ಬಿರುನುಡಿಯಾಡುವ ನಾಯಿಕೆ. ಬಂಗಾಳಿಗಳು ಅಧೀರ್ ಎಂದು ಗಂಡುಮಕ್ಕಳಿಗೆ ಹೆಸರಿಡುತ್ತಾರೆ, ಲೋಕಸಭೆಯಲ್ಲಿ ಕಾಂಗ್ರೆಸ್ ನಾಯಕರಾಗಿದ್ದ ಅಧೀರ್ ರಂಜನ್ ಚೌಧರಿಯವರ ಹೆಸರು ನಮ್ಮ ಪತ್ರಿಕೆಗಳಿಗೂ ಪರಿಚಿತ. ಕನ್ನಡದಲ್ಲಿ ಮಾತ್ರ ಅಧೀರ ಎಂದರೆ ಪುಕ್ಕಲ ಎಂಬ ಅರ್ಥವೇ ಮುಂದೆ ಬರುತ್ತದೆ. ಸಾಲದ್ದಕ್ಕೆ ಚಿನ್ನದ ಗಣಿಯ ಸಿನಿಮಾದ ಖಳನಾಯಕನೂ ಅದೇ ಹೆಸರಿನವನು. ಬಲಶಾಲಿಯಾಗಲಿ ಎಂದು ಇಟ್ಟ ಹೆಸರು ಒಂದು ಮಹಾಪ್ರಾಣದಿಂದ ಅಂಜುಬುರುಕಿಯಾಗಿಬಿಡುತ್ತದೆ.

ಮೂರನೆಯದು ನಕ್ಷತ್ರ. ಆರ್ದ್ರಾ ನಕ್ಷತ್ರ ತಮಿಳಿನಲ್ಲಿ ‘ಆದಿರೈ’, ಮಲಯಾಳಂನಲ್ಲಿ ‘ಆತಿರ’. ಎರಡೂ ಕಡೆ ಹೆಣ್ಣುಮಕ್ಕಳಿಗೆ ಇಡುವ ಹೆಸರು. ನಮ್ಮ ರೈತರಿಗೆ ಇದು ಆರಿದ್ರಾ ಮಳೆಯಾಗಿ ಚೆನ್ನಾಗಿ ಗೊತ್ತು. ‘ಆದರೆ ಆರಿದ್ರಾ, ಇಲ್ಲದಿದ್ದರೆ ದರಿದ್ರ’ ಎಂದು ಜೂನ್ ಕೊನೆಯಲ್ಲಿ ಮೆಕ್ಕೆಜೋಳದ, ಶೇಂಗಾದ ಹೊಲದ ಬದುವಿನಲ್ಲಿ ನಿಂತು ಮುಗಿಲು ನೋಡುತ್ತಾರೆ. ತಮಾಷೆಯೆಂದರೆ, ಜ್ಯೋತಿಷ್ಯದ ಲೆಕ್ಕದಲ್ಲಿ ಆರ್ದ್ರಾ ನಕ್ಷತ್ರದ ಮಗುವಿಗೆ ಕು, ಘ, ಙ, ಛ ಅಕ್ಷರಗಳ ಹೆಸರಿಡಬೇಕು. ‘ಅ’ ಅಕ್ಷರ ಸಿಗುವುದು ಕೃತ್ತಿಕೆಯ ಮೊದಲ ಪಾದಕ್ಕೆ.

ಅಪ್ಪಟ ಕನ್ನಡದ ‘ಅದಿರು’ ಪದಕ್ಕೂ ಈ ಹೆಸರಿಗೂ ಯಾವ ನಂಟೂ ಇಲ್ಲ. ಆದರೂ ಭೀಮಸಮುದ್ರದ ಸುತ್ತ ಅದಿರು ತುಂಬಿದ ಲಾರಿಗಳ ದೂಳು ಕುಡಿದ ಊರುಗಳಲ್ಲಿ ಸಹಪಾಠಿಗಳು ಆ ಅಡ್ಡಹೆಸರನ್ನು ಬಿಟ್ಟುಕೊಡುತ್ತಾರೆಂದು ನನಗೆ ನಂಬಿಕೆಯಿಲ್ಲ.

ನಮ್ಮ ಹಳೆಯ ಹೆಸರುಗಳು ಎಲ್ಲಿ ಹೋದವು ಎಂದು ಕೊರಗುವವರು ಇಸ್ರೇಲಿನ ಕಥೆಯನ್ನೇ ಇನ್ನೊಮ್ಮೆ ನೋಡಬಹುದು. ಬೈಲಾ ಬಿಟ್ಟು ಹೆಮ್ದಾ ಆದವರಿಗೂ ತಿಪ್ಪಮ್ಮ, ಓಬಮ್ಮ, ದುರುಗಮ್ಮ, ಕೊಟ್ರಮ್ಮ ಬಿಟ್ಟು ಹೊಸತು ಹುಡುಕುವವರಿಗೂ ಇದ್ದ ಒತ್ತಡ ಬಹಳ ಬೇರೆಯದಲ್ಲ. ಹಳೆಯ ಹೆಸರು ಎಲ್ಲಿಂದ ಬಂದವರು, ಯಾವ ಕುಲದವರು ಎಂಬುದನ್ನೆಲ್ಲ ಬಾಯಿಬಿಟ್ಟು ಹೇಳಿಬಿಡುತ್ತದೆ. ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ಹೆಸರು ಹೊತ್ತ ಹುಡುಗಿ ಬೆಂಗಳೂರಿನ ಸಂದರ್ಶನಕ್ಕೆ ಹೋದಾಗ ಎದುರಿಗಿದ್ದವರ ತುಟಿಯಂಚಿನ ನಗೆ ಯಾವ ಬಗೆಯದೆಂದು ಅವಳ ತಾಯಿಗೆ ಗೊತ್ತು. ಮಗಳಿಗೆ ಊರು, ಜಾತಿ, ಮನೆದೇವರು ಯಾವುದನ್ನೂ ಹೇಳದ ಹೆಸರು ಬೇಕು ಎಂದು ಆ ತಾಯಿ ಬಯಸಿದರೆ ಅದನ್ನು ಶೋಕಿ ಎಂದು ತಳ್ಳಿಹಾಕಲು ನಾನು ಒಪ್ಪುವುದಿಲ್ಲ. ಓಬವ್ವನ ಹೆಸರನ್ನು ಚಿತ್ರದುರ್ಗದ ಕ್ರೀಡಾಂಗಣಕ್ಕೆ ಇಟ್ಟಿದ್ದೇವೆ, 2021ರಿಂದ ನವೆಂಬರ್ 11ರಂದು ಸರ್ಕಾರಿ ಜಯಂತಿಯೂ ನಡೆಯುತ್ತಿದೆ. ತೊಟ್ಟಿಲಿಗೆ ಆ ಹೆಸರು ಬರುವುದು ಅಪರೂಪ. ವೇದಿಕೆಯಲ್ಲಿ ಭಾಷಣ ಮಾಡುವವರ ಮನೆಯ ತೊಟ್ಟಿಲಿಗೂ ಅಷ್ಟೆ.

ಉಳಿದದ್ದು ಬರವಣಿಗೆಯ ಪ್ರಶ್ನೆ, ಅದೇ ದೊಡ್ಡದು. ಮೂಲದಲ್ಲಿ ‘ದೀ’ ದೀರ್ಘ. ಇಂದಿನ ಇಸ್ರೇಲಿಗರ ಬಾಯಲ್ಲಿ ದ್ವಿತ್ವ ಸವೆದಿದೆ. ಆದ್ದರಿಂದ ಹೀಬ್ರೂ ಅರ್ಥ ಬೇಕಿದ್ದರೆ ಕನ್ನಡದಲ್ಲಿ ‘ಅದೀರಾ’ ಎಂದು ಬರೆಯುವುದು ಸರಿ. ರಾಣಿ, ಆದಿತ್ಯರ ದಾರಿಯೇ ಇಷ್ಟವಾದರೆ ‘ಆದಿರಾ’. ದಕಾರದ ಅಡಿಗೆ ಒಂದು ಗೀಟು ಬಿದ್ದರೆ ಸಂಸ್ಕೃತ. ಸೋದರತ್ತೆ ಕಿವಿಯಲ್ಲಿ ಹೆಸರು ಉಸುರುವಾಗ ಇವುಗಳ ವ್ಯತ್ಯಾಸ ಕೇಳಿಸುವುದಿಲ್ಲ, ನಮ್ಮಲ್ಲಿ ಮಹಾಪ್ರಾಣವನ್ನು ಒತ್ತಿ ಉಚ್ಚರಿಸುವವರು ಕಡಿಮೆ. ಕಾಗದದಲ್ಲಿ ಮಾತ್ರ ಎದ್ದು ಕಾಣುತ್ತದೆ. ನಮ್ಮ ಜನನ ಪ್ರಮಾಣ ಪತ್ರದಲ್ಲಿ ಹೆಸರು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಇರುತ್ತದೆ. ಅನೇಕರು ಇಂಗ್ಲಿಷ್ ಕಾಗುಣಿತವನ್ನು ಮೂರು ಸಲ ನೋಡಿ, ಕನ್ನಡದ್ದನ್ನು ಗುಮಾಸ್ತರ ಊಹೆಗೆ ಬಿಡುತ್ತಾರೆ. ಹುಟ್ಟನ್ನು 21 ದಿನಗಳೊಳಗೆ ನೋಂದಾಯಿಸಬೇಕು, ಆದರೆ ಹೆಸರಿಗೆ ಅವಸರವಿಲ್ಲ. ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲದೆ, ಆಮೇಲೆ 15 ವರ್ಷದವರೆಗೆ ತಡ ಶುಲ್ಕ ಕಟ್ಟಿ ಹೆಸರು ಸೇರಿಸಬಹುದು. 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆಯ ದಾಖಲಾತಿಯಿಂದ ಹಿಡಿದು ಪಾಸ್‌ಪೋರ್ಟ್‌ವರೆಗೆ ಜನ್ಮದಿನಕ್ಕೆ ಈ ಪತ್ರವೇ ಆಧಾರ. ಆದ್ದರಿಂದ ಅರ್ಜಿಯ ಕನ್ನಡ ಕಾಲಂ ಅನ್ನು ತಾಯಿಯೋ ತಂದೆಯೋ ಸ್ವತಃ ಬರೆದು, ಪತ್ರ ಕೈಗೆ ಬಂದ ದಿನ ಕಚೇರಿಯ ಕಿಟಕಿ ಬಿಟ್ಟು ಹೊರಡುವ ಮೊದಲೇ ಓದಿ ನೋಡುವುದು ಒಳ್ಳೆಯದು.