ಮೀಸೆ ಮಣ್ಣಾಗದ ಹಾಗೆ

ಬೆಳಿಗ್ಗೆ ಏಳೂವರೆ. ಜಗಲಿಯಲ್ಲಿ ಕೂತು ಮಗಳಿಗೆ ಎರಡು ಜಡೆ ಹಾಕುತ್ತಿದ್ದೆ. ಕೈಯೆಲ್ಲ ಎಣ್ಣೆ, ಹಲ್ಲಿನಲ್ಲಿ ಕಚ್ಚಿಕೊಂಡ ಕೆಂಪು ಟೇಪು. ಎದುರುಮನೆಯವರು ಗೇಟಿನ ಹತ್ತಿರ ನಿಂತು, "ಏನ್ರೀ, ಮನೆಯವರು ಊರಲ್ಲಿಲ್ವಾ?" ಎಂದು ನಕ್ಕರು. "ಹೂಂ, ತವರಿಗೆ ಹೋಗಿದ್ದಾಳೆ" ಎಂದುಬಿಟ್ಟೆ. ಹೆಂಡತಿ ಒಳಗೇ ಇದ್ದಳು.

ಇಷ್ಟಕ್ಕೆಲ್ಲ ಸುಳ್ಳು ಬೇಕಿತ್ತಾ?

ಅಮೆರಿಕದ ಸೌತ್ ಫ್ಲೋರಿಡಾ ವಿಶ್ವವಿದ್ಯಾಲಯದ ಮನಶ್ಶಾಸ್ತ್ರಜ್ಞರಾದ ಜೆನಿಫರ್ ಬಾಸನ್, ಜೋಸೆಫ್ ವ್ಯಾಂಡೆಲೋ ಮತ್ತು ಜೊತೆಗಾರರು 2009ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲೂ ಜಡೆಯೇ ಇದೆ. ಕೆಲವು ಹುಡುಗರಿಗೆ ಹೆಣ್ಣುಗೊಂಬೆಯ ಕೂದಲು ಹೆಣೆಯಲು ಕೊಟ್ಟರು, ಉಳಿದವರಿಗೆ ಹಗ್ಗ. ಬೆರಳಿಗೆ ಎರಡೂ ಒಂದೇ ಕೆಲಸ. ಆಮೇಲೆ, ಬಾಕ್ಸಿಂಗ್ ಚೀಲ ಗುದ್ದುತ್ತೀರೋ, ಒಗಟು ಬಿಡಿಸುತ್ತೀರೋ ಎಂದು ಕೇಳಿದರು. ಜಡೆ ಹಾಕಿದವರಲ್ಲಿ ಗುದ್ದಲು ಹೊರಟವರೇ ಜಾಸ್ತಿ. ಇನ್ನೊಂದು ಸಲ ಎಲ್ಲರಿಗೂ ಗುದ್ದಲು ಹೇಳಿದರೆ, ಜಡೆಯವರ ಏಟೇ ಜೋರು. ಮತ್ತೊಂದು ಸಲ, ಜಡೆ ಹಾಕಿ ಗುದ್ದಿದವರಲ್ಲಿ ಗುದ್ದದವರಿಗಿಂತ ಆತಂಕ ಕಡಿಮೆ ಇತ್ತು. ಲ್ಯಾಬಿನಲ್ಲಿ ಗುದ್ದೋಕೆ ಚೀಲವಾದರೂ ಇತ್ತು. ಮನೆಗಳಲ್ಲಿ ಏನಿರುತ್ತದೆ ಹೇಳಿ.

ಗಂಡಸುತನವನ್ನು ಜನ ಗಳಿಸಬೇಕಾದ, ಕಳೆದುಹೋಗಬಹುದಾದ ವಸ್ತು ಎಂದುಕೊಳ್ಳುತ್ತಾರೆ ಅನ್ನುವುದು ಇವರ ವಾದ. ನಮಗಿದು ಹೊಸದೇನಲ್ಲ. "ಗಂಡಸಾದ್ರೆ ಬಾ" ಎಂದು ಎದುರಿಗೆ ನಿಂತ ಗಂಡಸಿಗೇ ಹೇಳುತ್ತೇವೆ. "ಹೆಂಗಸಾದ್ರೆ ಬಾ" ಎಂದಿದ್ದು ನಾನಂತೂ ಕೇಳಿಲ್ಲ. 2021ರಲ್ಲಿ ಪ್ರಕಟವಾದ, 62 ದೇಶಗಳ ಸಮೀಕ್ಷೆಯಲ್ಲಿ ಗಂಡು-ಹೆಣ್ಣಿನ ಸಮಾನತೆ ಕಡಿಮೆ ಇರುವ ಕಡೆ ಈ ನಂಬಿಕೆ ಹೆಚ್ಚು ಗಟ್ಟಿಯಾಗಿತ್ತು.

ನನಗೆ ಜಾಸ್ತಿ ಇಷ್ಟವಾದದ್ದು ವಾಷಿಂಗ್ಟನ್ ವಿಶ್ವವಿದ್ಯಾಲಯದ ಸಪ್ನಾ ಚೆರಿಯನ್ ತಂಡ 2015ರಲ್ಲಿ ಪ್ರಕಟಿಸಿದ ಪ್ರಯೋಗ. ಕಾಲೇಜು ಹುಡುಗರ ಕೈಹಿಡಿತ ಅಳೆದು, ಕೆಲವರಿಗೆ ಬೇಕಂತಲೇ ನಿಮ್ಮ ಹಿಡಿತ ಹೆಂಗಸರಷ್ಟೇ ಅನ್ನುವ ಹಾಗೆ ತೋರಿಸಿದರು. ಆಮೇಲೆ ಎತ್ತರ ಕೇಳಿದರೆ ಅವರು ಸರಾಸರಿ ಮುಕ್ಕಾಲು ಇಂಚು ಜಾಸ್ತಿ ಹೇಳಿದರು! ಹಳೆಯ ಪ್ರೇಮಗಳ ಲೆಕ್ಕವೂ ಏರಿತ್ತು. ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅಂತಾರಲ್ಲ, ಅದನ್ನು ಇಂಚಿನಲ್ಲಿ ಅಳೆದ ಹಾಗಾಯ್ತು.

ಅಂದು ನನ್ನ ಮೀಸೆಗೆ ಮಾತ್ರ ಮಣ್ಣು ತಪ್ಪಲಿಲ್ಲ. ಎರಡನೇ ಜಡೆಗೆ ಟೇಪು ಬಿಗಿಯುತ್ತಿದ್ದಾಗ ಮಗಳು ಗೇಟಿನ ಕಡೆ ತಿರುಗಿ ಜೋರಾಗಿ ಹೇಳಿದಳು: "ಅಂಕಲ್, ಅಮ್ಮ ಅಡುಗೆಮನೇಲೇ ಇದಾಳೆ. ಅಪ್ಪನ ಜಡೆ ಬಿಚ್ಚಿಹೋಗಲ್ಲ, ಅದಕ್ಕೆ."