ವರದಿಯೋ ಕಥೆಯೋ: ಕೊಡಗಿನಲ್ಲಿ ಪತ್ರಕರ್ತರ ಪುಸ್ತಕಗಳು

ಒಬ್ಬನೇ ಪತ್ರಕರ್ತ ಬರೆದ ಕಾದಂಬರಿಯಲ್ಲಿಯೂ ಲೇಖನ ಸಂಗ್ರಹದಲ್ಲಿಯೂ ಒಂದೇ ಘಟನೆ ಕಾಣಿಸಿಕೊಂಡಾಗ ಯಾವುದನ್ನು ನಂಬಬೇಕು ಎಂಬ ಪ್ರಶ್ನೆ ಕೊಡಗಿನ ಓದುಗರಿಗೆ ಹೊಸದಲ್ಲ. ಕಾದಂಬರಿಯ ಸಂಭಾಷಣೆಯನ್ನು ದಾಖಲೆಯೆಂದು ಉದ್ಧರಿಸುವವರೂ ಇದ್ದಾರೆ, ದಾಖಲೆ ಸಹಿತ ಬರೆದದ್ದನ್ನು ಕಟ್ಟುಕಥೆಯೆಂದು ತಳ್ಳಿಹಾಕುವವರೂ ಇದ್ದಾರೆ.

ಈ ಗೊಂದಲದ ಬೇರು ಪತ್ರಿಕೆಗಳಿಗಿಂತ ಹಳೆಯದು. ಕೊಡಗಿನ ಅರಸ ದೊಡ್ಡ ವೀರರಾಜೇಂದ್ರನ ಕಾಲದಲ್ಲಿ ಸಿದ್ಧವಾದ ‘ರಾಜೇಂದ್ರನಾಮೆ’ 1633ರಿಂದ 1807ರವರೆಗಿನ ಅರಸರ ವೃತ್ತಾಂತವನ್ನು ಅರಮನೆಗೆ ಒಪ್ಪುವಂತೆ ಹೇಳಿತು. 1834ರಲ್ಲಿ ಕೊನೆಯ ಅರಸ ಚಿಕ್ಕವೀರರಾಜೇಂದ್ರ ಪದಚ್ಯುತನಾಗಿ ಕೊಡಗು ಕಂಪನಿಯ ಕೈಸೇರಿದ ಮೇಲೆ ಕಥೆ ಹೇಳುವವರು ಬದಲಾದರು. 1843ರಲ್ಲಿ ‘ಮಂಗಳೂರ ಸಮಾಚಾರ’ ಪತ್ರಿಕೆಯನ್ನು ಆರಂಭಿಸಿದ ಜರ್ಮನ್ ಮಿಷನರಿ ಹರ್ಮನ್ ಮೋಗ್ಲಿಂಗ್ 1855ರಲ್ಲಿ ಕೊಡಗಿನ ಕುರಿತು ಇಂಗ್ಲಿಷಿನಲ್ಲಿ ಗ್ರಂಥ ಪ್ರಕಟಿಸಿದರು. ನೂರು ವರ್ಷಗಳ ನಂತರ, ಕೊಡಗು ಮೈಸೂರು ರಾಜ್ಯದೊಡನೆ ವಿಲೀನಗೊಂಡ 1956ರಲ್ಲಿಯೇ, ‘ಜೀವನ’ ಮಾಸಪತ್ರಿಕೆಯ ಸಂಪಾದಕರೂ ಆಗಿದ್ದ ಮಾಸ್ತಿಯವರ ‘ಚಿಕವೀರ ರಾಜೇಂದ್ರ’ ಹೊರಬಂದಿತು. ಒಬ್ಬ ಸಂಪಾದಕರು ವೃತ್ತಾಂತವಾಗಿ ಬರೆದ ಕಾಲವನ್ನು ಇನ್ನೊಬ್ಬರು ಕಾದಂಬರಿಯಾಗಿಸಿದರು. ಮಾಸ್ತಿಯವರಿಗೆ 1983ರ ಜ್ಞಾನಪೀಠ ಸಂದ ಮೇಲಂತೂ ಹೊರಗಿನ ಎಷ್ಟೋ ಓದುಗರಿಗೆ ಕಾದಂಬರಿಯ ಅರಸನೇ ಇತಿಹಾಸದ ಅರಸನೂ ಆಗಿಬಿಟ್ಟ. ಮಾಸ್ತಿಯವರು ಬರೆದದ್ದು ಕಾದಂಬರಿ ಎಂಬುದನ್ನು ಮಾತ್ರ ವಾದಿಸುವವರು ಮರೆಯುತ್ತಾರೆ.

1957ರಲ್ಲಿ ಮಡಿಕೇರಿಯಿಂದ ‘ಶಕ್ತಿ’ ಪತ್ರಿಕೆ ಹೊರಡತೊಡಗಿದ ಬಳಿಕ ನೆರೆಹೊರೆಯ ಸುದ್ದಿಯನ್ನು ಊರಿನವರೇ ಬರೆದು ಊರಿನವರೇ ಓದುವುದು ರೂಢಿಯಾಯಿತು. ಪತ್ರಕರ್ತರು ಕಥೆಯ ಕಡೆಗೆ ಏಕೆ ಹೊರಳುತ್ತಾರೆ ಎಂಬುದಕ್ಕೆ ಉತ್ತರ ಇಲ್ಲಿದೆ. ಕಾಫಿ ತೋಟದ ಲೈನ್‌ಮನೆಗೆ, ಅಂದರೆ ಕಾರ್ಮಿಕರ ಸಾಲುಮನೆಗೆ, ಹೋದ ವರದಿಗಾರನಿಗೆ ತೋಟದ ಲೆಕ್ಕ ಬರೆಯುವ ರೈಟರ ಪುಸ್ತಕದಲ್ಲಿ ಮುಂಗಡದ ಲೆಕ್ಕ ಕಾಣುತ್ತದೆ. ಮಗಳ ಮದುವೆಗೆ ಪಡೆದ ಹಣ ತೀರುವವರೆಗೆ ಬೇರೆ ತೋಟಕ್ಕೆ ಹೋಗುವಂತಿಲ್ಲ ಎಂಬ ಮಾತು ಕೇಳುತ್ತದೆ. ಮರುದಿನದ ಪತ್ರಿಕೆಯಲ್ಲಿ ಅದು ‘ಕಾರ್ಮಿಕರಿಗೆ ಮೂಲಸೌಕರ್ಯದ ಕೊರತೆ’ ಎಂಬ ಎರಡು ಕಾಲಂ ಆಗಿ ನಿಲ್ಲುತ್ತದೆ. ಹೇಳಿದವಳ ಹೆಸರು ಹಾಕಿದರೆ ಅವಳ ಕೆಲಸಕ್ಕೆ ಕುತ್ತು, ತೋಟದ ಹೆಸರು ಹಾಕಿದರೆ ಮಾನನಷ್ಟದ ನೋಟಿಸು. ಅದೂ ಅಲ್ಲದೆ ಶುಕ್ರವಾರದ ಮಡಿಕೇರಿ ಸಂತೆಯಲ್ಲಿ ಅವಳೂ ತೋಟದವರೂ ವರದಿಗಾರನಿಗೆ ಎದುರಾಗುವವರೇ. ವರದಿಯಲ್ಲಿ ಉಳಿದುಹೋದ ಈ ಭಾಗ ವರ್ಷಗಳ ನಂತರ ಕಥೆಯಾಗಿ ಬಂದರೆ ಅದನ್ನು ತಪ್ಪೆನ್ನುವುದು ಕಷ್ಟ.

ಆದರೆ 2011ರ ಜನಗಣತಿಯಂತೆ 5.5 ಲಕ್ಷ ಜನರಿರುವ ಜಿಲ್ಲೆಯಲ್ಲಿ ಹೆಸರು ಬದಲಿಸಿದ ಮಾತ್ರಕ್ಕೆ ಯಾರೂ ಮರೆಯಾಗುವುದಿಲ್ಲ. ಮನೆತನದ ಹೆಸರು ಮೊದಲು ಬರುವ ಪದ್ಧತಿಯಿರುವಲ್ಲಿ ಆ ಹೆಸರನ್ನು ತೆಗೆದರೂ ಮನೆತನದ ಮೂಲಮನೆಯಾದ ಐನ್‌ಮನೆ ಯಾವ ದಿಕ್ಕಿಗಿದೆ, ಗದ್ದೆಗೆ ಆನೆ ಇಳಿಯುವ ದಾರಿ ಯಾವುದು ಎಂಬಿಷ್ಟೇ ಸಾಕು, ಊರಿನವರು ಮನೆ ಗುರುತಿಸುತ್ತಾರೆ. ಹೀಗಾಗಿ ಕಥೆಯನ್ನು ವರದಿಯಂತೆ ಓದುವುದು ಓದುಗರ ಅಜ್ಞಾನವೆನ್ನಲಾಗದು. 2018ರ ಆಗಸ್ಟಿನಲ್ಲಿ ಮಕ್ಕಂದೂರು, ಜೋಡುಪಾಲದ ಕಡೆ ಗುಡ್ಡ ಕುಸಿದಾಗಿನಂಥ ಸಂದರ್ಭದಲ್ಲಿ ಇದು ಇನ್ನೂ ಸೂಕ್ಷ್ಮ. ಮನೆ ಕಳೆದುಕೊಂಡವರಿಗೆ ಪರಿಹಾರದ ಕಡತದಲ್ಲಿ ಬರೆದ ಮಾತೂ ಕಥೆಯಲ್ಲಿ ಬಂದ ಮಾತೂ ಒಂದೇ ತೂಕದವಲ್ಲ.

ತೊಡಕು ಹೆಚ್ಚಾಗುವುದು ಅಂಕಣಗಳು ಪುಸ್ತಕವಾಗುವ ಹಂತದಲ್ಲಿ. ಪತ್ರಿಕೆಯಲ್ಲಿ ಪ್ರತಿ ಬರಹಕ್ಕೂ ದಿನಾಂಕವಿರುತ್ತದೆ, ತಪ್ಪಿದ್ದರೆ ಮರುವಾರ ಸ್ಪಷ್ಟನೆಯೂ ಬರುತ್ತದೆ. ಸಂಗ್ರಹಿಸುವಾಗ ಪುಟ ಉಳಿಸಲೆಂದೋ, ಬರಹ ಹಳತಾದಂತೆ ಕಾಣಬಾರದೆಂದೋ ದಿನಾಂಕ ಬಿಟ್ಟುಹೋಗುತ್ತದೆ. ಸ್ಪಷ್ಟನೆಯಂತೂ ಪುಸ್ತಕಕ್ಕೆ ಬರುವುದೇ ಅಪರೂಪ. ನಡುವೆ ಒಂದೆರಡು ಕಥೆಗಳೂ ಸೇರಿಕೊಂಡರೆ ‘ಬರಹಗಳು’ ಎಂಬ ಉಪಶೀರ್ಷಿಕೆ ಎಲ್ಲವನ್ನೂ ಒಳಗೊಳ್ಳುತ್ತದೆ. ಗ್ರಂಥಾಲಯದವರು ಅದನ್ನು ಒಂದು ಕಪಾಟಿಗೆ ಸೇರಿಸಲೇಬೇಕಾದ್ದರಿಂದ ಸಾಹಿತ್ಯಕ್ಕೋ ಚರಿತ್ರೆಗೋ ಸೇರಿಸಿಬಿಡುತ್ತಾರೆ, ಮುಂದಿನ ಸಂಶೋಧಕ ಕಪಾಟನ್ನೇ ನಂಬುತ್ತಾನೆ.

ಕೆಲವು ಸಂಗ್ರಹಗಳಲ್ಲಿ ಪ್ರತಿ ಬರಹದ ಕೆಳಗೆ ಮೊದಲು ಅಚ್ಚಾದ ದಿನಾಂಕವಿರುತ್ತದೆ, ಮುನ್ನುಡಿಯಲ್ಲಿ ಕಲ್ಪಿತ ಅಧ್ಯಾಯಗಳು ಯಾವುವೆಂದು ಸೂಚಿಸಿರುತ್ತದೆ. ಇದಕ್ಕೆ ತಗಲುವುದು ಅರ್ಧ ಪುಟ. ಅಂಥ ಪುಸ್ತಕ ಹಿಡಿದು ಹಳೆಯ ಸಂಚಿಕೆಗಳ ಕಟ್ಟು ಬಿಚ್ಚಿದವರು ವರದಿ ಎಲ್ಲಿಗೆ ಮುಗಿಯಿತು, ಲೇಖಕ ಎಲ್ಲಿಂದ ಬೆಳೆಸಿದ ಎಂಬುದನ್ನು ಸಾಲು ಸಾಲಾಗಿ ಹೋಲಿಸಿ ನೋಡಬಹುದು.